ಗಡಿಯೂರಿನ ಮನೆಯಲ್ಲಿ ಮಾತೃಭಾಷೆ ಬರೆಸುವ ಬಗೆ

ಬೀದರ್ ಜಿಲ್ಲೆಯ ಔರಾದ್, ಭಾಲ್ಕಿ ಕಡೆ ಒಂದೇ ಓಣಿಯಲ್ಲಿ ಕನ್ನಡ, ಮರಾಠಿ, ದಖನಿ ಉರ್ದು ಕೇಳಿಸುತ್ತವೆ. 1956ರ ರಾಜ್ಯ ಪುನರ್ವಿಂಗಡಣೆಯಲ್ಲಿ ಇದೇ ಜಿಲ್ಲೆಯ ಉದಗೀರ ಮುಂಬಯಿ ರಾಜ್ಯಕ್ಕೆ, ಜಹೀರಾಬಾದ್ ಆಂಧ್ರಕ್ಕೆ ಹೋದವು; ನಂಟಸ್ತಿಕೆ ಹೋಗಲಿಲ್ಲ. ಜನಗಣತಿಯಲ್ಲಿ ಮಾತೃಭಾಷೆ ಬರೆಸುವಾಗ ಗೊಂದಲ ಇಲ್ಲೇ.

ಮಾತೃಭಾಷೆ ಎಂದರೆ ಬಾಲ್ಯದಲ್ಲಿ ತಾಯಿ ನಿಮ್ಮೊಡನೆ ಆಡಿದ ಭಾಷೆ. ಎಳವೆಯಲ್ಲೇ ತಾಯಿ ತೀರಿಕೊಂಡಿದ್ದರೆ, ಆಗ ಮನೆಯಲ್ಲಿ ಹೆಚ್ಚಾಗಿ ಆಡುತ್ತಿದ್ದದ್ದು. ಜಾತಿ, ಧರ್ಮ, ರಾಜ್ಯ ನೋಡಿ ಬರೆಸಬೇಡಿ. ಯಜಮಾನರ ಭಾಷೆಯನ್ನೇ ಎಲ್ಲರಿಗೂ ಹಾಕಿಸಿದರೆ ಉದಗೀರದಿಂದ ಬಂದ ಸೊಸೆಯ ಮರಾಠಿ ಮಾಯ! ಒಬ್ಬೊಬ್ಬರದನ್ನೂ ಬೇರೆಯಾಗಿ ಹೇಳಿ.

2011ರ ನಮೂನೆಯಲ್ಲಿ ಮಾತೃಭಾಷೆಯಲ್ಲದೆ ಇನ್ನೆರಡು ಭಾಷೆಗೆ ಜಾಗವಿತ್ತು. ಚೆನ್ನಾಗಿ ಬರುವುದು ಮೊದಲು. ಓದುಬರಹ ಬರಬೇಕೆಂದಿಲ್ಲ.

ತಾಂಡಾದಲ್ಲಿ (ಲಂಬಾಣಿಗರ ವಸತಿ) ತಾಯಿ ಆಡಿದ್ದು ಲಂಬಾಣಿಯಾದರೆ ‘ಲಂಬಾಣಿ’ ಎಂದೇ ಬರೆಸಿ. ಜನಗಣತಿ ಪ್ರಕಟಿಸುವ ಭಾಷಾಪಟ್ಟಿಯಲ್ಲಿ ಅದನ್ನು ಹಿಂದಿಯ ಗುಂಪಿಗೆ ಸೇರಿಸಿದರೂ, ಆ ಗುಂಪಿನೊಳಗೆ ಹೆಸರು ಪ್ರತ್ಯೇಕವಾಗಿಯೇ ಉಳಿಯುತ್ತದೆ.