ನ್ಯೂ ಸೌತ್ ವೇಲ್ಸ್‌ನಲ್ಲಿ ಮತದಾನ: ಹೊಸದಾಗಿ ಪೌರತ್ವ ಪಡೆದ ಕನ್ನಡಿಗರಿಗೆ

ಆಸ್ಟ್ರೇಲಿಯಾದ ನ್ಯೂ ಸೌತ್ ವೇಲ್ಸ್ ರಾಜ್ಯದ ರಾಜಧಾನಿ ಸಿಡ್ನಿಯ ಪಶ್ಚಿಮ ಬಡಾವಣೆಗಳಲ್ಲಿ ನೆಲೆಸಿ ಪೌರತ್ವ ಪಡೆದ ಕನ್ನಡಿಗರಿಂದ ನನಗೆ ಬರುವ ಕರೆಗಳಲ್ಲಿ ಒಂದು ಪ್ರಶ್ನೆ ತಪ್ಪುವುದೇ ಇಲ್ಲ: "ವೋಟ್ ಹಾಕಿಲ್ಲ ಅಂತ ದಂಡದ ಕಾಗದ ಬಂದಿದೆ, ಕಟ್ಟಲೇಬೇಕಾ ಸಾರ್?" ಮತದಾನ ಇಲ್ಲಿ ಕಡ್ಡಾಯ ಎಂಬುದು ಎಲ್ಲರಿಗೂ ಗೊತ್ತು. ಆದರೆ ಆ ಕಡ್ಡಾಯ ಪ್ರಧಾನಿಯನ್ನು ಆರಿಸುವ ಚುನಾವಣೆಗೆ ಮಾತ್ರ, ರಾಜ್ಯದ್ದು ಅಷ್ಟೇನೂ ದೊಡ್ಡ ವಿಷಯವಲ್ಲ ಎಂದು ನಾನೂ ನಂಬಿದ್ದೆ, ಈಗ ಬರುವವರೂ ನಂಬುತ್ತಾರೆ. ಈ ರಾಜ್ಯದಲ್ಲಿ 1928ರಿಂದಲೂ ಮತದಾನ ಕಡ್ಡಾಯವಾಗಿದೆ. ಫೆಡರಲ್, ಎಂದರೆ ಇಡೀ ದೇಶದ ಸಂಸತ್ತಿನ ಚುನಾವಣೆಯಲ್ಲಿ ಮತ ಹಾಕದಿದ್ದರೆ ದಂಡ 20 ಡಾಲರ್, ರಾಜ್ಯದ ಚುನಾವಣೆಯಲ್ಲಿ 55 ಡಾಲರ್. ಸ್ಥಳೀಯ ಕೌನ್ಸಿಲ್ ಚುನಾವಣೆಗೂ ಅದೇ 55. ನಾವು ಚಿಕ್ಕದೆಂದು ಕಡೆಗಣಿಸುವ ಚುನಾವಣೆಗೇ ದಂಡ ಹೆಚ್ಚು.

ನನಗೆ ಪೆಟ್ಟು ಬಿದ್ದದ್ದು ಸಾರ್ವತ್ರಿಕ ಚುನಾವಣೆಯಲ್ಲಿ ಅಲ್ಲ, ಉಪಚುನಾವಣೆಯಲ್ಲಿ. ಪೌರತ್ವದ ಪ್ರತಿಜ್ಞೆ ಸ್ವೀಕರಿಸಿದ ದಿನ ಸಭಾಂಗಣದಲ್ಲಿಯೇ ಮತದಾರರ ನೋಂದಣಿಯ ಅರ್ಜಿಯನ್ನು ಕೈಗಿತ್ತರು, ಅಲ್ಲೇ ತುಂಬಿ ಕೊಟ್ಟೆ. ಮುಂದಿನ ವರ್ಷ ಬಾಡಿಗೆ ಹೆಚ್ಚಾಯಿತೆಂದು ಮನೆ ಬದಲಿಸಿ ಪಕ್ಕದ ಕ್ಷೇತ್ರಕ್ಕೆ ಬಂದೆವು. ಬ್ಯಾಂಕಿಗೆ ತಿಳಿಸಿದೆ, ಕಚೇರಿಗೆ ತಿಳಿಸಿದೆ, ಮಗಳ ಶಾಲೆಗೆ ತಿಳಿಸಿದೆ. ಮತದಾರರ ಪಟ್ಟಿಯ ನೆನಪೇ ಬರಲಿಲ್ಲ. ಅಷ್ಟರಲ್ಲಿ ಹಳೆಯ ಕ್ಷೇತ್ರದ ಶಾಸಕರು ರಾಜೀನಾಮೆ ಕೊಟ್ಟು ಉಪಚುನಾವಣೆ ನಡೆಯಿತು. ಆ ಸುದ್ದಿಯನ್ನು ನಾನು ಓದಿದ್ದೆ. ಆದರೆ ಈಗ ಆ ಕ್ಷೇತ್ರದಲ್ಲಿ ನಾವಿಲ್ಲವಲ್ಲ, ನಮಗೆ ಸಂಬಂಧವಿಲ್ಲವೆಂದು ಸುಮ್ಮನಾದೆ. ಕಾನೂನಿನ ಕಣ್ಣಿಗೆ ನಾನು ಇನ್ನೂ ಅಲ್ಲಿಯ ಮತದಾರನೇ ಆಗಿದ್ದೆ.

ದಂಡದ ಸೂಚನೆ ಹಳೆಯ ಮನೆಗೆ ಹೋಯಿತು. ಆಮೇಲೆ ಜ್ಞಾಪನಾ ಪತ್ರ ಹೋಯಿತು, ಅದರ ಹಿಂದೆಯೇ ವಸೂಲಿಯ ಆದೇಶವೂ ಹೋಯಿತು. ಆ ಮನೆಗೆ ಬಾಡಿಗೆಗೆ ಬಂದಿದ್ದವರು ದಾವಣಗೆರೆ ಕಡೆಯ ದಂಪತಿ. ಕನ್ನಡ ಸಂಘದ ಯುಗಾದಿ ಸಮಾರಂಭದಲ್ಲಿ ಊಟದ ಸಾಲಿನಲ್ಲಿ ನಿಂತಿದ್ದಾಗ ಆ ತಾಯಿ ಚೀಲದಿಂದ ರಬ್ಬರ್ ಬ್ಯಾಂಡ್ ಹಾಕಿದ ಕಾಗದಗಳ ಕಟ್ಟೊಂದನ್ನು ತೆಗೆದು, "ಅಣ್ಣಾ, ಇವೆಲ್ಲ ನಿಮ್ಮ ಹೆಸರಿಗೆ ಬಂದಾವ ನೋಡ್ರಿ" ಎಂದು ಕೊಟ್ಟರು. ಮೇಲಿನ ಲಕೋಟೆಯ ಅಂಚಿಗೆ ಕೆಂಪು ಪಟ್ಟಿ ಇತ್ತು. 55 ಡಾಲರಿನ ದಂಡಕ್ಕೆ ವಸೂಲಿ ವೆಚ್ಚ ಸೇರಿ ಮೊತ್ತ ಎರಡು ಪಟ್ಟನ್ನೂ ದಾಟಿತ್ತು, ಕಟ್ಟದಿದ್ದರೆ ಚಾಲನಾ ಪರವಾನಗಿಯನ್ನೇ ಅಮಾನತಿನಲ್ಲಿ ಇಡಬಹುದೆಂಬ ಎಚ್ಚರಿಕೆಯೂ ಇತ್ತು. ದಿನವೂ ಕಾರಿನಲ್ಲಿ ಕೆಲಸಕ್ಕೆ ಹೋಗುವವನಿಗೆ ಆ ಒಂದು ಸಾಲು ಓದಿ ಊಟ ರುಚಿಸಲಿಲ್ಲ. ಹಣ ಕಟ್ಟಿದೆ. ಆದರೆ ಫೋನ್ ಕರೆಗಳಲ್ಲಿ, ಅರ್ಜಿಗಳಲ್ಲಿ ಕಳೆದ ಎರಡು ವಾರಗಳು ಮರಳಿ ಬರಲಿಲ್ಲ.

ಆದ್ದರಿಂದ ಮನೆ ಬದಲಿಸಿದವರು ಮೊದಲು ಮಾಡಬೇಕಾದ ಕೆಲಸ ಇದು: ಹೊಸ ವಿಳಾಸದಲ್ಲಿ ಒಂದು ತಿಂಗಳು ಕಳೆದ ಕೂಡಲೇ ಮತದಾರರ ಪಟ್ಟಿಯಲ್ಲಿ ವಿಳಾಸ ತಿದ್ದಿಸಿಕೊಳ್ಳಿ. ಫೆಡರಲ್, ರಾಜ್ಯ, ಕೌನ್ಸಿಲ್ ಮೂರಕ್ಕೂ ಒಂದೇ ಅರ್ಜಿ ಸಾಕು, ಮನೆಯಿಂದಲೇ ಹತ್ತು ನಿಮಿಷದಲ್ಲಿ ಮುಗಿಯುತ್ತದೆ. ನಿಮ್ಮ ಪರವಾಗಿ ಸರ್ಕಾರವೇ ತಿದ್ದಿಕೊಳ್ಳುತ್ತದೆಂದು ಕಾಯಬೇಡಿ. ಚುನಾವಣೆಯ ಹೊತ್ತಿಗೆ ಊರಿಗೆ ಹೋಗುವವರು ಮುಂಗಡ ಮತದಾನ ಅಥವಾ ಅಂಚೆ ಮತದ ಏರ್ಪಾಡನ್ನು ಹೊರಡುವ ಮೊದಲೇ ಮಾಡಿಕೊಳ್ಳಿ. ದಂಡದ ಸೂಚನೆ ಬಂದೇಬಿಟ್ಟರೆ ಅದನ್ನು ಮೇಜಿನ ಮೇಲೆ ಬಿಡಬೇಡಿ: ಸಕಾರಣವಿದ್ದರೆ ಬರೆದು ಕಳುಹಿಸಿ, ಇಲ್ಲದಿದ್ದರೆ ಕಟ್ಟಿಬಿಡಿ. ಸುಮ್ಮನಿದ್ದಷ್ಟೂ ಮೊತ್ತ ಬೆಳೆಯುತ್ತದೆ. ಪರ್ಮನೆಂಟ್ ರೆಸಿಡೆನ್ಸಿ ಇದ್ದು ಪೌರತ್ವ ಪಡೆಯದವರಿಗೆ ಈ ಹೊಣೆಯೂ ಇಲ್ಲ, ಮತದ ಹಕ್ಕೂ ಇಲ್ಲ.

ರಾಜ್ಯದ ಚುನಾವಣೆ ನಮಗೇಕೆ ಎನ್ನುವವರು ತಮ್ಮ ಮನೆಯ ಮಾತುಕತೆಯನ್ನು ಒಂದು ವಾರ ಗಮನಿಸಿದರೆ ಸಾಕು. ಮಕ್ಕಳನ್ನು ಪ್ರವೇಶ ಪರೀಕ್ಷೆ ಬರೆಸುವ ಯಾವ ಸೆಲೆಕ್ಟಿವ್ ಸರ್ಕಾರಿ ಶಾಲೆಗೆ ಸೇರಿಸಬೇಕು, ಆಸ್ಪತ್ರೆಯ ತುರ್ತು ವಿಭಾಗದಲ್ಲಿ ಎಷ್ಟು ಹೊತ್ತು ಕಾಯಿಸಿದರು, ಬಸ್ಸು, ರೈಲಿನ ಓಪಲ್ ಕಾರ್ಡಿನಲ್ಲಿ ಎಷ್ಟು ಕಡಿತವಾಯಿತು, ಮನೆ ಕೊಳ್ಳುವಾಗ ಸ್ಟ್ಯಾಂಪ್ ಡ್ಯೂಟಿ ಎಷ್ಟು ಬಂತು, ಇವೆಲ್ಲ ರಾಜ್ಯದ ಕೈಯಲ್ಲಿರುವ ವಿಷಯಗಳು. ವಾರಾಂತ್ಯದಲ್ಲಿ ನಡೆಯುವ ಸಮುದಾಯ ಭಾಷಾ ಶಾಲೆಗಳಿಗೆ ಅನುದಾನ ಕೊಡುವುದೂ ರಾಜ್ಯ ಸರ್ಕಾರವೇ. ನಮ್ಮ ವಿಧಾನಸಭೆಯಂತಿರುವ ಇಲ್ಲಿಯ ಕೆಳಮನೆಯಲ್ಲಿ 93 ಸ್ಥಾನಗಳಿವೆ, ಪ್ರತಿ ಕ್ಷೇತ್ರದಲ್ಲಿ ಸುಮಾರು 60,000 ಮತದಾರರಿರುತ್ತಾರೆ. ಕರ್ನಾಟಕದಲ್ಲಿ ಒಬ್ಬ ಶಾಸಕರಿಗೆ ಎರಡು ಲಕ್ಷಕ್ಕೂ ಹೆಚ್ಚು ಮತದಾರರು. ಇಲ್ಲಿ ಶಾಸಕರ ಕಚೇರಿಗೆ ಹೋಗಿ ಶಾಲೆಯ ಮುಂದಿನ ರಸ್ತೆ ದಾಟುವ ತೊಂದರೆಯನ್ನು ಹೇಳಿಕೊಂಡರೆ ಎರಡು ವಾರದಲ್ಲಿ ಉತ್ತರ ಬಂದದ್ದನ್ನು ನಾನು ಕಂಡಿದ್ದೇನೆ.

ಎರಡನೆಯ ಎಚ್ಚರಿಕೆ ಮತಪತ್ರದ ಬಗ್ಗೆ. ಇಲ್ಲಿ ಗುಂಡಿ ಒತ್ತುವ ಯಂತ್ರವಿಲ್ಲ, ಕಾಗದದ ಮೇಲೆ ಪೆನ್ಸಿಲಿನಿಂದ 1, 2, 3 ಎಂದು ಪ್ರಾಶಸ್ತ್ಯ ಕ್ರಮದಲ್ಲಿ ಬರೆಯಬೇಕು. ಊರಿನಲ್ಲಿ ವಿಧಾನ ಪರಿಷತ್ತಿನ ಪದವೀಧರ ಕ್ಷೇತ್ರಕ್ಕೆ ಮತ ಹಾಕಿದವರಿಗೆ ಈ ಕ್ರಮ ಹೊಸದಲ್ಲ. ಫೆಡರಲ್ ಕೆಳಮನೆಯ ಮತಪತ್ರದಲ್ಲಿ ಎಲ್ಲ ಚೌಕಗಳನ್ನೂ ತುಂಬಲೇಬೇಕು, ಒಂದಕ್ಕಷ್ಟೇ ಅಂಕಿ ಬರೆದು ಉಳಿದವನ್ನು ಬಿಟ್ಟರೆ ಮತ ಅಸಿಂಧು. ನ್ಯೂ ಸೌತ್ ವೇಲ್ಸ್‌ನ ಕೆಳಮನೆಗಾದರೋ 1 ಎಂದು ಬರೆದರೂ ಸಾಕು. ಈ ಎರಡು ನಿಯಮಗಳು ತಲೆಯಲ್ಲಿ ಕಲಸಿಹೋಗಿ ಪಶ್ಚಿಮ ಸಿಡ್ನಿಯ ಫೆಡರಲ್ ಕ್ಷೇತ್ರಗಳಲ್ಲಿ ಅಸಿಂಧು ಮತಗಳು ದೇಶದಲ್ಲೇ ಅತಿ ಹೆಚ್ಚಿನ ಪ್ರಮಾಣದಲ್ಲಿ ಕಾಣಿಸಿಕೊಂಡಿವೆ. ಅಲ್ಲಿರುವವರು ಬಹುಪಾಲು ನಮ್ಮಂತೆಯೇ ಹೊರಗಿನಿಂದ ಬಂದವರು. ಸಾಲಿನಲ್ಲಿ ನಿಂತು, ಮತ ಹಾಕಿ, ಅದು ಎಣಿಕೆಗೇ ಬಾರದಂತಾಗುವುದು ದಂಡ ಕಟ್ಟುವುದಕ್ಕಿಂತ ದೊಡ್ಡ ನಷ್ಟವೆಂದು ನಾನು ಭಾವಿಸುತ್ತೇನೆ.

ಒಂದೇ ಅಂಕಿ ಸಾಕೆಂದಾಗ ಒಂದನ್ನೇ ಬರೆದು ಬರಬಹುದಲ್ಲ ಎಂದರೆ, ನಾನು ಬೇಡವೆನ್ನುತ್ತೇನೆ. ನೂರು ಮತಗಳ ಒಂದು ಉದಾಹರಣೆಯಿಂದ ಇದು ತಿಳಿಯುತ್ತದೆ. ಮೊದಲ ಅಭ್ಯರ್ಥಿಗೆ 42, ಎರಡನೆಯವರಿಗೆ 38, ಮೂರನೆಯವರಿಗೆ 20 ಬಂದಿವೆ ಎಂದುಕೊಳ್ಳಿ. ನಮ್ಮೂರಿನ ಲೆಕ್ಕದಲ್ಲಿ 42 ಪಡೆದವರು ಗೆದ್ದರು. ಇಲ್ಲಿ ಕೊನೆಯವರನ್ನು ಕೈಬಿಟ್ಟು ಅವರ 20 ಮತಪತ್ರಗಳ ಎರಡನೆಯ ಪ್ರಾಶಸ್ತ್ಯವನ್ನು ನೋಡುತ್ತಾರೆ. 13 ಎರಡನೆಯವರಿಗೆ, 3 ಮೊದಲನೆಯವರಿಗೆ ಹೋದವು, ಉಳಿದ 4ರಲ್ಲಿ 1ರ ಹೊರತು ಏನೂ ಇರಲಿಲ್ಲ. 51ಕ್ಕೆ 45ರಂತೆ ಎರಡನೆಯವರು ಗೆದ್ದರು. ಆ ನಾಲ್ವರು ಕೊನೆಯ ನಿರ್ಧಾರದಲ್ಲಿ ಪಾಲುಗೊಳ್ಳಲೇ ಇಲ್ಲ. ಈ ಪದ್ಧತಿ ನಮ್ಮದಕ್ಕಿಂತ ಮೇಲು ಎಂಬುದು ನನ್ನ ಖಚಿತ ಅಭಿಪ್ರಾಯ, ಏಕೆಂದರೆ ಹೆಚ್ಚಿನವರಿಗೆ ಬೇಡವಾದವರು ಮತ ಒಡೆದುಹೋದ ಕಾರಣಕ್ಕೆ ಗೆಲ್ಲುವುದು ಇಲ್ಲಿ ಕಷ್ಟ. ಆ ಲಾಭ ಸಿಗಬೇಕಾದರೆ ನಾವು ಎಲ್ಲ ಚೌಕಗಳನ್ನೂ ತುಂಬಬೇಕು. ಎಲ್ಲವನ್ನೂ ತುಂಬುವ ಅಭ್ಯಾಸವಿಟ್ಟುಕೊಂಡವರ ಮತ ಫೆಡರಲ್ ಚುನಾವಣೆಯಲ್ಲೂ ಕೆಡುವುದಿಲ್ಲ.

ಮೇಲ್ಮನೆಯ ಮತಪತ್ರ ಬೇರೆಯೇ. ಅಲ್ಲಿ ಇಡೀ ರಾಜ್ಯವೇ ಒಂದು ಕ್ಷೇತ್ರ. 42 ಸದಸ್ಯರಲ್ಲಿ ಅರ್ಧದಷ್ಟು, ಎಂದರೆ 21 ಮಂದಿ, ಪ್ರತಿ ಸಲ ಎಂಟು ವರ್ಷಕ್ಕೆ ಆರಿಸಿ ಬರುತ್ತಾರೆ. ಹಾಳೆಯ ನಡುವೆ ದಪ್ಪ ಗೆರೆಯಿದೆ: ಗೆರೆಯ ಮೇಲೆ ಪಕ್ಷಕ್ಕೆ 1 ಎಂದು ಬರೆಯಿರಿ, ಇಲ್ಲವೇ ಕೆಳಗೆ ಕನಿಷ್ಠ 15 ಅಭ್ಯರ್ಥಿಗಳಿಗೆ ಅಂಕಿ ಕೊಡಿ. ಫೆಡರಲ್ ಸೆನೆಟ್‌ಗೆ ಮೇಲೆ ಆರು, ಕೆಳಗೆ ಹನ್ನೆರಡು ಎಂಬ ಸೂಚನೆಯಿದೆ, ಅದನ್ನು ಇಲ್ಲಿಗೆ ತರಬೇಡಿ. 1999ರಲ್ಲಿ 264 ಅಭ್ಯರ್ಥಿಗಳು ನಿಂತು ಹಾಳೆ ಮೇಜುಹಾಸಿನಷ್ಟು ದೊಡ್ಡದಾದ ಮೇಲೆ ನಿಯಮಗಳನ್ನು ಬಿಗಿಗೊಳಿಸಿದರು. ಅನೇಕರು ಈ ಹಾಳೆಯನ್ನು ಮಡಚಿ ಹಾಗೆಯೇ ಪೆಟ್ಟಿಗೆಗೆ ಹಾಕುತ್ತಾರೆ. ಮೇಲ್ಮನೆಯೆಂದರೆ ಸೋತವರಿಗೆ ಸಿಗುವ ಕುರ್ಚಿ ಎಂಬ ಭಾವನೆ ಇದ್ದರೆ ಬಿಡಬೇಕು: ಈ ರಾಜ್ಯದ ಈಗಿನ ಖಜಾನೆ ಸಚಿವ ಡೇನಿಯಲ್ ಮೂಖಿ ಇದೇ ಸದನದವರು, 2015ರಲ್ಲಿ ಭಗವದ್ಗೀತೆಯ ಮೇಲೆ ಪ್ರಮಾಣ ಸ್ವೀಕರಿಸಿದವರು.

ಸರ್ಕಾರ ಉಳಿಯುವ, ಉರುಳುವ ವಿಷಯದಲ್ಲಿಯೂ ಇಲ್ಲಿಯದೇ ಮೇಲೆಂದು ನನಗೆ ತೋರುತ್ತದೆ. ಚುನಾವಣೆ ನಾಲ್ಕು ವರ್ಷಕ್ಕೊಮ್ಮೆ ಮಾರ್ಚ್ ತಿಂಗಳ ನಾಲ್ಕನೆಯ ಶನಿವಾರ ಎಂದು ಕಾನೂನಿನಲ್ಲಿಯೇ ನಿಗದಿಯಾಗಿದೆ. ರಾಜ್ಯಪಾಲರನ್ನು ನೇಮಿಸುವುದು ಬ್ರಿಟನ್ನಿನಲ್ಲಿರುವ ರಾಜರು, ಅದೂ ಇದೇ ರಾಜ್ಯದ ಪ್ರೀಮಿಯರ್, ಎಂದರೆ ಮುಖ್ಯಮಂತ್ರಿಯ ಸಲಹೆಯಂತೆ. ಕ್ಯಾನ್‌ಬೆರಾದ ಕೇಂದ್ರ ಸರ್ಕಾರಕ್ಕೆ ಅಲ್ಲಿ ಪಾತ್ರವಿಲ್ಲ. ರಾಷ್ಟ್ರಪತಿ ಆಡಳಿತ ಹೇರಲು ಬಿಡುವ ನಮ್ಮ 356ನೆಯ ವಿಧಿಯಂತಹದೂ ಇಲ್ಲ. 1989ರಲ್ಲಿ ಎಸ್.ಆರ್. ಬೊಮ್ಮಾಯಿ ಅವರ ಸರ್ಕಾರವನ್ನು ವಜಾಗೊಳಿಸಿದ ಬಳಿಕ, ಬಹುಮತ ಸಾಬೀತಾಗಬೇಕಾದದ್ದು ಸದನದಲ್ಲಿ ಎಂದು ಸರ್ವೋಚ್ಚ ನ್ಯಾಯಾಲಯ ಹೇಳುವ ಹೊತ್ತಿಗೆ 1994 ಬಂದಿತ್ತು. ಇಲ್ಲಿಯೂ 1932ರಲ್ಲಿ ರಾಜ್ಯಪಾಲ ಫಿಲಿಪ್ ಗೇಮ್ ಪ್ರೀಮಿಯರ್ ಜ್ಯಾಕ್ ಲ್ಯಾಂಗ್ ಅವರನ್ನು ವಜಾ ಮಾಡಿದ್ದುಂಟು, ಆದ್ದರಿಂದ ಇದು ದೋಷವೇ ಇಲ್ಲದ ವ್ಯವಸ್ಥೆಯೆಂದು ನಾನು ಹೇಳಲಾರೆ. ಆದರೆ 2023ರಲ್ಲಿ ಲೇಬರ್ ಪಕ್ಷಕ್ಕೆ 45 ಸ್ಥಾನ ಬಂದು ಬಹುಮತಕ್ಕೆ ಎರಡು ಕಡಿಮೆಯಾದಾಗ ಯಾರನ್ನೂ ರೆಸಾರ್ಟ್‌ಗೆ ಕರೆದೊಯ್ಯಲಿಲ್ಲ. ಪಕ್ಷೇತರರ ಬೆಂಬಲದಿಂದ ಆ ಪಕ್ಷದ ಪ್ರೀಮಿಯರ್ ಕ್ರಿಸ್ ಮಿನ್ಸ್ ಸರ್ಕಾರ ನಡೆಯಿತು. 2019ರ ಜುಲೈಯಲ್ಲಿ ನಮ್ಮ ವಿಧಾನಸಭೆಯಲ್ಲಿ 99ಕ್ಕೆ 105 ಮತಗಳಿಂದ ಸರ್ಕಾರ ಬಿದ್ದ ದಿನಗಳನ್ನು ದೂರದಿಂದ ನೋಡಿದವನಿಗೆ ಈ ವ್ಯತ್ಯಾಸ ಮನಸ್ಸಿಗೆ ನಾಟುತ್ತದೆ. ಗುರುತಿನ ಚೀಟಿ ಮತ್ತು ಬೆರಳಿನ ಶಾಯಿಯ ವಿಷಯದಲ್ಲಿ ಮಾತ್ರ ಭಾರತದ ಕ್ರಮವೇ ಸರಿ. ಇಲ್ಲಿ ಹೆಸರು, ವಿಳಾಸ ಹೇಳಿ, ಈ ಮೊದಲು ಮತ ಹಾಕಿಲ್ಲವೆಂದರೆ ನಂಬಿ ಮತಪತ್ರ ಕೊಡುತ್ತಾರೆ.

ಮುಂದಿನ ಚುನಾವಣೆ 2027ರ ಮಾರ್ಚ್ ತಿಂಗಳಲ್ಲಿ. ಬೂತ್ ಬೆಳಿಗ್ಗೆ 8ರಿಂದ ಸಂಜೆ 6ರವರೆಗೆ ತೆರೆದಿರುತ್ತದೆ. ಬಾಗಿಲಿನಿಂದ ಆರು ಮೀಟರ್ ಆಚೆ ಪಕ್ಷಗಳ ಕಾರ್ಯಕರ್ತರು ನಿಂತು ಹೇಗೆ ಮತ ಹಾಕಬೇಕೆಂಬ ಚೀಟಿಗಳನ್ನು ಕೊಡುತ್ತಾರೆ. ಅವು ಚುನಾವಣಾ ಆಯೋಗದ ಸೂಚನೆಯಲ್ಲ, ಆಯಾ ಪಕ್ಷದ ಇಚ್ಛೆ ಮಾತ್ರ. ವಯಸ್ಸಾದ ತಂದೆತಾಯಿಗಳನ್ನು ಕರೆದುಕೊಂಡು ಹೋಗುವವರು ಇದನ್ನು ಮನೆಯಲ್ಲಿಯೇ ತಿಳಿಸಿ ಹೇಳಿ. ಪೌರತ್ವ ಪಡೆದ ಅತ್ತೆಯವರಿಗೆ ನಾನು ಹಿಂದಿನ ರಾತ್ರಿ ಅಡುಗೆಮನೆಯ ಮೇಜಿನ ಮೇಲೆ ಹಳೆಯ ಲಕೋಟೆಯೊಂದರ ಹಿಂದೆ ಆರು ಚೌಕ ಬರೆದು ಎರಡು ಸಲ ಅಭ್ಯಾಸ ಮಾಡಿಸಿದೆ. ಮರುದಿನ ಬೂತ್‌ನಲ್ಲಿ ಅವರು ಗಾಬರಿಯಿಂದ ಎರಡು ಚೌಕಗಳಲ್ಲಿ 3 ಎಂದೇ ಬರೆದು ನನ್ನ ಮುಖ ನೋಡಿದರು. ಹಾಗಾದರೆ ಹೊಡೆದುಹಾಕಿ ತಿದ್ದಲು ಹೋಗಬಾರದು. ಮತಪತ್ರವನ್ನು ಪೆಟ್ಟಿಗೆಗೆ ಹಾಕುವ ಮೊದಲು ಸಿಬ್ಬಂದಿಗೆ ಹಿಂದಿರುಗಿಸಿದರೆ ಅದನ್ನು ರದ್ದುಮಾಡಿ ಹೊಸದನ್ನು ಕೊಡುತ್ತಾರೆ, ಅವರಿಗೂ ಕೊಟ್ಟರು.