ಕೊನೆಗೌಡನ ದುಡ್ಡು ಮತ್ತು ನಲವತ್ತು ಸೆಕೆಂಡಿನ ವಿಡಿಯೊ

ನಮ್ಮ ಶಿರಸಿ ಸೀಮೆಯಲ್ಲಿ ಅಡಿಕೆ ಮರ ಹತ್ತಿ ಕೊನೆ ಇಳಿಸುವವನನ್ನು ಕೊನೆಗೌಡ ಎನ್ನುತ್ತಾರೆ. ಈಗ ಅವನು ಸಿಗುವುದೇ ಕಷ್ಟ. ಸಿಕ್ಕಿದರೆ ಅವನು ಹೇಳಿದಂತೆ ನಡೆಯಬೇಕು. ನಮ್ಮ ತೋಟಕ್ಕೆ ಬರುವವನು ಒಂದು ಸುಗ್ಗಿಯಲ್ಲಿ, ಇನ್ನು ಮೇಲೆ ಕೂಲಿಯನ್ನು ಫೋನಿಗೇ ಹಾಕಿ ಎಂದುಬಿಟ್ಟ. ಅಪ್ಪನ ಹತ್ತಿರ ಇರುವುದು ಗುಂಡಿ ಒತ್ತುವ ಫೋನು. ಹೊಣೆ ಅಮ್ಮನ ಮೇಲೆ ಬಿತ್ತು, ಅಮ್ಮನಿಂದ ಜಾರಿ ಮೈಸೂರಿನಲ್ಲಿರುವ ನನ್ನ ಮೇಲೆ.

ಮೂರು ಸಂಜೆ ಮಾತಿನಲ್ಲೇ ಹೇಳಿಕೊಡಲು ನೋಡಿದೆ. "ನೀಲಿ ಗುರುತು ಒತ್ತು" ಎಂದರೆ "ನೀಲಿಯವು ನಾಲ್ಕಿವೆ, ಯಾವುದು?" ಎನ್ನುತ್ತಿದ್ದಳು. ನನ್ನ ದನಿ ಏರುತ್ತಿತ್ತು, ಅವಳದು ಇಳಿಯುತ್ತಿತ್ತು. ನಾಲ್ಕನೆಯ ದಿನ ಮಾತು ಬಿಟ್ಟು, ನನ್ನ ಫೋನಿನ ಪರದೆಯನ್ನೇ ರೆಕಾರ್ಡ್ ಮಾಡಿ ಕಳಿಸಲು ಕುಳಿತೆ.

ಕೆಲಸದ ಯಾಂತ್ರಿಕ ಭಾಗ ಬಹಳ ಸುಲಭ. ಹಿಂದೆ ಹಳೆಯ ಫೋನಿನಲ್ಲಿ ಇದಕ್ಕೆಂದೇ ಬೇರೆ ಆ್ಯಪ್ ಹಾಕಿಕೊಂಡಿದ್ದೆ. ಅದು ಪರದೆಯ ಅಂಚಿನಲ್ಲಿ ಒಂದು ಗುಂಡನೆಯ ಗುರುತನ್ನು ತೇಲಿಸುತ್ತಿತ್ತು, ಜಾಹೀರಾತು ತೋರಿಸುತ್ತಿತ್ತು, ವಿಡಿಯೊದ ಮೇಲೆ ತನ್ನ ಮುದ್ರೆ ಒತ್ತುತ್ತಿತ್ತು. 2020ರಲ್ಲಿ ಬಂದ ಆಂಡ್ರಾಯ್ಡ್ 11ರಿಂದ ಈಚೆಗೆ ಅದರ ಅಗತ್ಯವಿಲ್ಲ. ಪರದೆಯ ಮೇಲಂಚಿನಿಂದ ಎರಡು ಸಲ ಕೆಳಗೆ ಎಳೆದರೆ ವೈಫೈ, ಟಾರ್ಚ್ ಇರುವ ಚೌಕಗಳ ನಡುವೆ ಸ್ಕ್ರೀನ್ ರೆಕಾರ್ಡ್ ಎಂಬುದೂ ಇರುತ್ತದೆ. ಕಾಣದಿದ್ದರೆ ಪೆನ್ಸಿಲ್ ಗುರುತು ಒತ್ತಿ, ಅಡಗಿರುವ ಚೌಕವನ್ನು ಮೇಲಕ್ಕೆ ಎಳೆದುಕೊಳ್ಳಬೇಕು. ಐಫೋನಿಗೆ ಈ ಸೌಲಭ್ಯ ಇನ್ನೂ ಮೊದಲೇ, 2017ರ ಐಒಎಸ್ 11ರಲ್ಲೇ ಬಂದಿತ್ತು. ತಂಗಿಯ ಐಫೋನಿನಲ್ಲೂ ಪ್ರಯತ್ನಿಸಿದ್ದೇನೆ. ಅಲ್ಲಿ ರೆಕಾರ್ಡ್ ಗುರುತನ್ನು ಸುಮ್ಮನೆ ಮುಟ್ಟಿದರೆ ಮೂರು ಎಣಿಸಿ ಶುರುವಾಗುತ್ತದೆ, ಒತ್ತಿ ಹಿಡಿದರೆ ಮೈಕ್ ಆನ್ ಮಾಡುವ ಗುರುತು ಕಾಣಿಸುತ್ತದೆ. ಇದು ತಿಳಿಯದೆ ತಂಗಿ ಹತ್ತು ನಿಮಿಷದ ಮೂಕಚಿತ್ರ ತೆಗೆದಿದ್ದಳು.

ನಾನೇನು ಕಡಿಮೆಯಲ್ಲ. ನನ್ನ ಮೊದಲ ವಿಡಿಯೊದಲ್ಲೂ ಧ್ವನಿ ಇರಲಿಲ್ಲ. ಶುರುವಿನಲ್ಲಿ ಫೋನು ಕೇಳುತ್ತದೆ: ಯಾವ ಧ್ವನಿ ಬೇಕು, ಫೋನಿನ ಒಳಗಿನದೋ, ಮೈಕಿನದೋ, ಎರಡೂವೋ? ಒಳಗಿನದು ಎಂದರೆ ಹಾಡು, ವಿಡಿಯೊಗಳ ಸದ್ದು. ನಮ್ಮ ಮಾತು ಬರಬೇಕಾದರೆ ಮೈಕನ್ನೇ ಆರಿಸಬೇಕು. ಎರಡನೆಯ ವಿಡಿಯೊದಲ್ಲಿ ಮಾತು ಬಂತು, ಜೊತೆಗೆ ಫ್ಯಾನಿನ ಗಾಳಿಯೂ ಬಂತು. ಮೂರನೆಯದರ ನಡುವೆ ಬ್ಯಾಂಕಿನ ಒಟಿಪಿ ಮೇಲಿನಿಂದ ಇಣುಕಿತು. ಅದರ ಹಿಂದೆಯೇ, ಅಮ್ಮ ಓದಬಾರದ ಒಂದು ಸಂದೇಶವೂ ಬಂತು. ಆ ವಿಡಿಯೊವನ್ನು ಅಳಿಸಿದೆ. ಅಂದಿನಿಂದ ಫ್ಯಾನ್ ಆರಿಸಿ, ಫೋನನ್ನು ಡು ನಾಟ್ ಡಿಸ್ಟರ್ಬ್‌ಗೆ ಹಾಕಿಯೇ ರೆಕಾರ್ಡ್ ಒತ್ತುತ್ತೇನೆ.

ಕೊನೆಗೂ ಆರು ನಿಮಿಷದ ಒಂದು ವಿಡಿಯೊ ವಾಟ್ಸ್‌ಆ್ಯಪಿನಲ್ಲಿ ಹೋಯಿತು. ಅರ್ಧ ಗಂಟೆಯ ಮೇಲೆ ಅಮ್ಮನ ಫೋನು ಬಂತು. ಅಕ್ಷರ ಮಸುಕಾಗಿದೆ ಎಂದಳು. ಆಮೇಲೆ, "ನೀನು ಒತ್ತು ಎಂದಲ್ಲಿ ಒತ್ತಿದೆ, ಅದು ನಿಂತುಬಿಡುತ್ತದೆ" ಎಂದಳು. ನನಗೆ ಅರ್ಥವಾಗಲು ಸ್ವಲ್ಪ ಹೊತ್ತು ಬೇಕಾಯಿತು. ವಿಡಿಯೊದೊಳಗಿನ ಬಟನ್ನನ್ನೇ ಅವಳು ಒತ್ತುತ್ತಿದ್ದಳು! ಒತ್ತಿದಾಗೆಲ್ಲ ವಿಡಿಯೊ ನಿಲ್ಲುತ್ತಿತ್ತು. ನಗು ಬಂದರೂ ತಪ್ಪು ಅವಳದೆನಿಸಲಿಲ್ಲ. ಫೋನಿನೊಳಗೆ ಫೋನು ಕಂಡರೆ ಯಾವುದು ನಿಜ, ಯಾವುದು ಚಿತ್ರ ಎಂದು ಹೇಗೆ ತಿಳಿಯಬೇಕು? ಅಲ್ಲಿಂದ ಮುಂದೆ ಪ್ರತಿ ವಿಡಿಯೊದ ಮೊದಲ ಮಾತು ಒಂದೇ: "ಅಮ್ಮ, ಇದು ವಿಡಿಯೊ. ಮೊದಲು ಸುಮ್ಮನೆ ನೋಡು."

ಮಸುಕಿನ ಕಾರಣ ಬೇಗ ಸಿಕ್ಕಿತು. ವಾಟ್ಸ್‌ಆ್ಯಪ್ ವಿಡಿಯೊವನ್ನು ಹಿಂಡಿ ಚಿಕ್ಕದು ಮಾಡುತ್ತದೆ. ಮುಖ, ಮರಗಿಡಗಳಿಗೆ ಅದು ನಡೆಯುತ್ತದೆ, ಸಣ್ಣ ಅಕ್ಷರಗಳಿಗೆ ನಡೆಯುವುದಿಲ್ಲ. ಅದೇ ಫೈಲನ್ನು ಡಾಕ್ಯುಮೆಂಟ್ ಎಂದು ಲಗತ್ತಿಸಿದರೆ ಇದ್ದ ಹಾಗೇ ಹೋಗುತ್ತದೆ. ಆದರೆ ನಮ್ಮೂರಿನ ನೆಟ್‌ವರ್ಕಿನಲ್ಲಿ ಆರು ನಿಮಿಷದ ಫೈಲು ಇಳಿಯುವಷ್ಟರಲ್ಲಿ ಒಂದು ಹಂಡೆ ನೀರು ಕಾಯುತ್ತದೆ. ಹೀಗಾಗಿ ತುಂಡು ಮಾಡಿದೆ. ಒಂದು ವಿಡಿಯೊಕ್ಕೆ ಒಂದೇ ಕೆಲಸ: ಆ್ಯಪ್ ತೆರೆಯುವುದು ಒಂದು, ಹೆಸರು ಹುಡುಕುವುದು ಒಂದು, ಮೊತ್ತ ಬರೆಯುವುದು ಒಂದು. ನಲವತ್ತು ಸೆಕೆಂಡು ದಾಟಿದರೆ ಅಮ್ಮ ಮೊದಲಿನದನ್ನು ಮರೆಯುತ್ತಾಳೆ. ಹೇಳಬೇಕೆಂದರೆ ನಾನೂ ಮರೆಯುತ್ತೇನೆ.

ಆದರೂ ಅವಳಿಗೆ ಹೊಂದಿಕೆಯಾಗುತ್ತಿರಲಿಲ್ಲ. ಏಕೆಂದು ತಿಳಿದದ್ದು ಊರಿಗೆ ಹೋಗಿ ಅವಳ ಫೋನು ಕೈಗೆತ್ತಿಕೊಂಡಾಗ. ಅದು ಕನ್ನಡದಲ್ಲಿತ್ತು, ನನ್ನದು ಇಂಗ್ಲಿಷಿನಲ್ಲಿ. ಅವಳ ಅಕ್ಷರ ದೊಡ್ಡದು, ಆದ್ದರಿಂದ ನನ್ನ ಪರದೆಯಲ್ಲಿ ನಡುವೆ ಇದ್ದ ಬಟನ್ ಅವಳಲ್ಲಿ ಕಾಣದಷ್ಟು ಕೆಳಗೆ ಹೋಗಿತ್ತು. ಇಷ್ಟು ದಿನ ನಾನು ಬೇರೆ ಯಾವುದೋ ಮನೆಯ ನಕ್ಷೆ ಕಳಿಸುತ್ತಿದ್ದೆ! ಮೈಸೂರಿಗೆ ಮರಳಿ ನನ್ನ ಫೋನನ್ನು ಕನ್ನಡಕ್ಕೆ ಬದಲಿಸಿದೆ, ಅಕ್ಷರ ಹಿಗ್ಗಿಸಿದೆ. ಮರುಗಳಿಗೆಯಲ್ಲಿ ನನ್ನದೇ ಫೋನಿನಲ್ಲಿ ನಾನು ದಾರಿ ತಪ್ಪಿದೆ. ಯಾವುದನ್ನು ಎಲ್ಲಿ ಒತ್ತಬೇಕೆಂದು ಹುಡುಕುತ್ತಾ, ತಡವರಿಸುತ್ತಾ ಮಾಡಿದ ಆ ವಿಡಿಯೊಗಳೇ ಅವಳಿಗೆ ಸರಿಯಾಗಿ ಅರ್ಥವಾದವು. ಆಂಡ್ರಾಯ್ಡಿನಲ್ಲಿ ಸ್ಪರ್ಶವನ್ನು ಪರದೆಯ ಮೇಲೆ ತೋರಿಸುವ ಆಯ್ಕೆಯೂ ಇದೆ. ಅದನ್ನು ಆನ್ ಮಾಡಿದರೆ ಬೆರಳಿಟ್ಟಲ್ಲಿ ಒಂದು ಬಿಳಿ ಬೊಟ್ಟು ಮೂಡುತ್ತದೆ. ಅದಿಲ್ಲದ ವಿಡಿಯೊದಲ್ಲಿ ಪುಟಗಳು ದೆವ್ವ ಹೊಕ್ಕಂತೆ ತಾವಾಗಿ ತೆರೆದುಕೊಳ್ಳುತ್ತವೆ.

ಇನ್ನು ಕಪ್ಪು ಪರದೆಯ ವಿಚಾರ. ಹತ್ತು ರೂಪಾಯಿಯನ್ನು ತಂಗಿಗೆ ಕಳಿಸುವುದನ್ನು ರೆಕಾರ್ಡ್ ಮಾಡಿ ನೋಡಿದರೆ, ಎಲ್ಲವೂ ಇದೆ, ಯುಪಿಐ ಪಿನ್ ಒತ್ತುವ ಪುಟ ಮಾತ್ರ ಕಗ್ಗತ್ತಲು. ಕತ್ತಲಲ್ಲಿ ನನ್ನ ದನಿ "ಈಗ ಇಲ್ಲಿ ಒತ್ತು, ಆಮೇಲೆ ಇಲ್ಲಿ" ಎನ್ನುತ್ತಿದೆ. ಫೋನು ಕೆಟ್ಟಿತೆಂದು ಎರಡು ಸಲ ಮತ್ತೆ ಮಾಡಿದೆ, ತಂಗಿಗೆ ಇಪ್ಪತ್ತು ರೂಪಾಯಿ ಲಾಭವಾಯಿತು. ಆಮೇಲೆ ಓದಿ ತಿಳಿದುಕೊಂಡೆ: ಈ ಪುಟವನ್ನು ಯಾರೂ ಸೆರೆಹಿಡಿಯಬಾರದು ಎಂದು ಆ್ಯಪ್ ಆಂಡ್ರಾಯ್ಡಿಗೆ ಹೇಳಿಟ್ಟಿರುತ್ತದೆ. ರೆಕಾರ್ಡರ್‌ಗೆ ಅಲ್ಲಿ ಕಪ್ಪು ಬಣ್ಣ ಬಿಟ್ಟು ಬೇರೇನೂ ಸಿಗುವುದಿಲ್ಲ. ಪಿನ್ ಪುಟವನ್ನು ಕಾಗದದ ಮೇಲೆ ಕೈಯಲ್ಲೇ ಬರೆದು ಫೋಟೊ ಕಳಿಸಿದೆ. ಕೆಳಗೆ ದಪ್ಪ ಅಕ್ಷರದಲ್ಲಿ ಬರೆದೆ: ದುಡ್ಡು ಕೊಡುವಾಗ ಪಿನ್ ಬೇಕು, ನಮಗೆ ದುಡ್ಡು ಬರುವುದಕ್ಕೆ ಪಿನ್ ಬೇಡ. ಕಪ್ಪು ಪರದೆ ಕೆಲವು ಪುಟಗಳನ್ನಷ್ಟೇ ಕಾಯುತ್ತದೆ. ಬ್ಯಾಂಕಿನಿಂದ ಬರುವ ಸಂದೇಶ, ಬಾಕಿ ಮೊತ್ತ ರೆಕಾರ್ಡಿಂಗಿನಲ್ಲಿ ಬೀಳಬಹುದು. ಪರದೆಯನ್ನು ದೂರದಲ್ಲಿರುವವರಿಗೆ ನೇರವಾಗಿ ತೋರಿಸುವ ಆ್ಯಪ್‌ಗಳಿಗೂ ಇವೆಲ್ಲ ಕಾಣಬಹುದು. ಅಪರಿಚಿತರು ಫೋನು ಮಾಡಿ ಪರದೆ ಹಂಚಿಕೊಳ್ಳಿ ಎಂದರೆ ಕೂಡಲೇ ಫೋನು ಇಡಬೇಕೆಂದು ಅಮ್ಮನಿಂದ ಮಾತು ತೆಗೆದುಕೊಂಡಿದ್ದೇನೆ.

ಒಂದು ದಿನ ಅವಳಿಗೂ ರೆಕಾರ್ಡ್ ಮಾಡಲು ಕಲಿಸಿದೆ. ಇಡೀ ಪ್ರಯತ್ನದಲ್ಲಿ ನಾನು ಮಾಡಿದ ಜಾಣ ಕೆಲಸ ಇದೊಂದೇ ಇರಬೇಕು. "ಆಗುತ್ತಿಲ್ಲ" ಎಂಬ ಮಾತಿನ ಬದಲು, ಆಗದೇ ಹೋದ ಪರಿಯೇ ವಿಡಿಯೊ ಆಗಿ ಬರತೊಡಗಿತು. ಅವಳ ಬಿಳಿ ಬೊಟ್ಟು ಬಟನ್ನಿನ ಮೇಲೆ ಬಹಳ ಹೊತ್ತು ಕೂರುತ್ತಿತ್ತು. ಹೊಸಿಲ ಮೇಲೆ ರಂಗೋಲಿ ಎಳೆದ ಬೆರಳು, ಒತ್ತಿದರೆ ಗಟ್ಟಿಯಾಗಿಯೇ ಒತ್ತುತ್ತದೆ. ಫೋನು ಅದನ್ನು ಒತ್ತಿ ಹಿಡಿದದ್ದೆಂದು ತಿಳಿದು ಬೇರೆಯೇ ಪಟ್ಟಿ ತೆರೆಯುತ್ತಿತ್ತು. ಮೂರು ಸಂಜೆ ನಾನು ಕೂಗಾಡಿದ್ದು ಇದಕ್ಕೆ! ಸೆಟ್ಟಿಂಗಿನಲ್ಲಿ ಒತ್ತಿ ಹಿಡಿಯುವ ಅವಧಿಯನ್ನು ಹೆಚ್ಚಿಸಿದ ಮೇಲೆ ಅರ್ಧ ತೊಂದರೆ ಹೋಯಿತು.

ಆ ವರ್ಷ ಕೊನೆಗೌಡನಿಗೆ ಕೂಲಿ ಅಮ್ಮನ ಫೋನಿನಿಂದಲೇ ಹೋಯಿತು. ಅದನ್ನೂ ರೆಕಾರ್ಡ್ ಮಾಡಿ ಕಳಿಸಿದ್ದಳು, ನಿಲ್ಲಿಸಲು ಮಾತ್ರ ಮರೆತಿದ್ದಳು. ಓದುವಷ್ಟರಲ್ಲಿ ಆರಿಹೋಗುತ್ತದೆ ಎಂದು ಅವಳು ದೂರಿದ್ದಕ್ಕೆ, ಪರದೆ ಹತ್ತು ನಿಮಿಷ ಬೆಳಗುವಂತೆ ನಾನೇ ಮಾಡಿಟ್ಟಿದ್ದೆ. ದುಡ್ಡು ಹೋದ ಹಸಿರು ಗುರುತಿನ ಪುಟ ಹಾಗೇ ನಿಂತಿದೆ, ಹಿಂದೆ ಕುಕ್ಕರಿನ ಸೀಟಿ, ಅಂಗಳದಲ್ಲಿ ಯಾರದೋ ಮಾತು. ಏಳನೆಯ ನಿಮಿಷದಲ್ಲಿ ಅಮ್ಮ ಪಕ್ಕದ ಮನೆಯವರಿಗೆ ಹೇಳುವುದು ಸ್ಪಷ್ಟವಾಗಿ ಕೇಳಿತು: ವಿಡಿಯೊ ಕಳಿಸುವುದೇನೋ ಸರಿ, ಆದರೆ ಮಾತು ಬಹಳ ಅವಸರ.

ಈಗ ಗ್ಯಾಸ್ ಸಿಲಿಂಡರ್ ಬುಕ್ ಮಾಡುವ ವಿಡಿಯೊ ಮಾಡುತ್ತಿದ್ದೇನೆ. ಪ್ರತಿ ಬಟನ್ನಿನ ಮುಂದೆ ಮನಸ್ಸಿನಲ್ಲೇ ಐದು ಎಣಿಸುತ್ತೇನೆ.