ತಾರಸಿ ಮೇಲೆ ನಿಂತು ಬೆಳಕಿನ ವೇಗ ಅಳೆದಿದ್ದು

ಬೆಳಕಿನ ವೇಗ ಅಳೆಯಬೇಕು ಅಂದರೆ ಲೇಸರ್ ಬೇಕು, ಆಸಿಲೋಸ್ಕೋಪ್ ಬೇಕು ಅಂತ ಎಷ್ಟೋ ಜನ ಅಂದುಕೊಂಡಿರುತ್ತಾರೆ. 1676ರಲ್ಲಿ ಪ್ಯಾರಿಸ್‌ನಲ್ಲಿ ಕೆಲಸ ಮಾಡುತ್ತಿದ್ದ ಡೆನ್ಮಾರ್ಕಿನ ಖಗೋಳಜ್ಞ ಓಲೆ ರೋಮರ್ ಹತ್ತಿರ ಅದೆಲ್ಲ ಏನೂ ಇರಲಿಲ್ಲ. ಟೆಲಿಸ್ಕೋಪ್, ಲೋಲಕದ ಗಡಿಯಾರ, ಗುರುಗ್ರಹದ ಚಂದ್ರನಿಗೆ ಗ್ರಹಣ ಹಿಡಿದ ಹೊತ್ತನ್ನು ವರ್ಷಗಟ್ಟಲೆ ಬರೆದಿಟ್ಟ ಪಟ್ಟಿ, ಅಷ್ಟೇ. ನನ್ನ ಹತ್ತಿರ ಆರು ಇಂಚಿನ ಡಾಬ್ಸೋನಿಯನ್ ಟೆಲಿಸ್ಕೋಪ್, ಒಂದು ಮೊಬೈಲ್ ಮತ್ತು ಮನೆಯ ತಾರಸಿ ಇತ್ತು. 2024ರ ಅಕ್ಟೋಬರ್‌ನಿಂದ 2025ರ ಫೆಬ್ರವರಿವರೆಗೆ ಆತನ ದಾರಿಯನ್ನೇ ಹಿಡಿದು ನೋಡಿದೆ. ಗಡಿಯಾರ ಎಷ್ಟು ಚುರುಕು ಅನ್ನುವುದು ಇಲ್ಲಿ ಮುಖ್ಯವೇ ಅಲ್ಲ, ಏನನ್ನು ಯಾವುದರಿಂದ ಕಳೆಯುತ್ತೀರಿ ಅನ್ನುವುದೇ ಮುಖ್ಯ ಅಂತ ಆಗ ಅರ್ಥವಾಯಿತು.

ಗುರುಗ್ರಹದ ನಾಲ್ಕು ದೊಡ್ಡ ಚಂದ್ರರಲ್ಲಿ ಎಲ್ಲಕ್ಕಿಂತ ಒಳಗಿನದು ಅಯೋ. ಹೆಚ್ಚುಕಮ್ಮಿ 42 ಗಂಟೆ 28 ನಿಮಿಷಕ್ಕೊಮ್ಮೆ ಅದು ಗುರುವಿನ ನೆರಳಿನೊಳಗೆ ಹೊಕ್ಕು ಹೊರಬರುತ್ತದೆ. ಅದೇ ಅಯೋಗೆ ಗ್ರಹಣ. ಭೂಮಿ ಗುರುವಿನಿಂದ ದೂರ ಸರಿಯುತ್ತಿದ್ದರೆ ಪ್ರತಿ ಗ್ರಹಣದ ಬೆಳಕು ಹಿಂದಿನದಕ್ಕಿಂತ ಜಾಸ್ತಿ ದೂರ ಬರಬೇಕು. ಹಾಗಾಗಿ ಗ್ರಹಣ ತಡವಾಗಿ ಕಾಣುತ್ತದೆ. ಹತ್ತಿರ ಬರುತ್ತಿದ್ದರೆ ಬೇಗ ಕಾಣುತ್ತದೆ. ಒಂದು ಸುತ್ತಿಗೆ ಈ ವ್ಯತ್ಯಾಸ ಹೆಚ್ಚೆಂದರೆ 15 ಸೆಕೆಂಡ್. ಕಣ್ಣಿಟ್ಟು ನೋಡುವವನಿಗೆ ಇದು ಸಿಕ್ಕುವುದಿಲ್ಲ. ಆದರೆ ಸುತ್ತಿನಿಂದ ಸುತ್ತಿಗೆ ಇದು ಕೂಡುತ್ತಾ ಹೋಗುತ್ತದೆ.

ರೋಮರ್ ಮಾಡಿದ್ದು ಇದನ್ನೇ. ಭೂಮಿ ಗುರುವಿನ ಕಡೆ ಹೋಗುವಾಗಿನ 40 ಸುತ್ತು ಒಂದು ಕಡೆ, ದೂರ ಹೋಗುವಾಗಿನ 40 ಸುತ್ತು ಇನ್ನೊಂದು ಕಡೆ. ಮೊದಲನೆಯದಕ್ಕೆ ಹಿಡಿಯುವ ಹೊತ್ತು ಕಮ್ಮಿ, ಎರಡನೆಯದಕ್ಕೆ ಜಾಸ್ತಿ. ಒಂದರಿಂದ ಒಂದು ಕಳೆದರೆ ಅಯೋ ನಿಜವಾಗಿ ಎಷ್ಟು ಹೊತ್ತಿಗೆ ಸುತ್ತುತ್ತದೆ ಅಂತ ಗೊತ್ತಿರಬೇಕಾಗಿಯೇ ಇಲ್ಲ. ಅದು ಎರಡೂ ಕಡೆ ಇದ್ದು ಹೊಡೆದುಹೋಗುತ್ತದೆ. ಉಳಿಯುವುದು ಬೆಳಕಿನ ಪಾಲು ಮಾತ್ರ. ನನಗೆ ಇಡೀ ಕಥೆಯಲ್ಲಿ ತುಂಬಾ ಇಷ್ಟವಾಗಿದ್ದು ಈ ಉಪಾಯ. ದೂರದೂರ ನಿಂತ ಇಬ್ಬರು ಲಾಂದ್ರ ತೆರೆದು ಒಬ್ಬರಿಗೊಬ್ಬರು ಉತ್ತರ ಕೊಟ್ಟು ಅಳೆಯುವ ಬಗ್ಗೆ ಗೆಲಿಲಿಯೋ ಬರೆದಿದ್ದ, ಅಲ್ವಾ? ಅಲ್ಲಿ ಕೈ ತಡ ಮಾಡಿದ್ದೆಷ್ಟು, ಬೆಳಕು ತಡ ಮಾಡಿದ್ದೆಷ್ಟು ಅಂತ ಬೇರೆ ಮಾಡುವ ದಾರಿ ಇರಲಿಲ್ಲ.

ನಾನು 26 ಸುತ್ತು ಆರಿಸಿಕೊಂಡೆ. ಇದಕ್ಕೆ ಕಾರಣ ಬರೀ ನಿದ್ದೆ. ಅಯೋ 13 ಸುತ್ತು ಮುಗಿಸೋಕೆ 23 ದಿನ 12 ನಿಮಿಷ ಬೇಕು. 26 ಸುತ್ತಿಗೆ 46 ದಿನ 24 ನಿಮಿಷ. ಅಂದರೆ ಇವತ್ತು ರಾತ್ರಿ ಒಂದು ಗಂಟೆಗೆ ಗ್ರಹಣ ಆದರೆ 46 ದಿನ ಬಿಟ್ಟು ಹೆಚ್ಚುಕಮ್ಮಿ ಅದೇ ಹೊತ್ತಿಗೆ ಮತ್ತೆ ಆಗುತ್ತದೆ. ಎರಡು ಸಲವೂ ಗುರು ಕಾಣುವ ಹೊತ್ತೇ ಆಗಿರುತ್ತದೆ, ನಡುವೆ ನಾನು ಸುಮ್ನೆ ಮಲಗಬಹುದು.

2024ರ ಡಿಸೆಂಬರ್ 7ಕ್ಕೆ ಭೂಮಿ ಸರಿಯಾಗಿ ಸೂರ್ಯ ಮತ್ತು ಗುರುವಿನ ನಡುವೆ ಬಂದಿತ್ತು. ಅದಕ್ಕೆ ಮುಂಚೆ ನಮಗೆ ಕಾಣುವುದು ಅಯೋ ನೆರಳಿನೊಳಗೆ ಹೋಗುವುದು ಮಾತ್ರ. ಹೊರಬರುವುದು ಗುರುವಿನ ಮರೆಯಲ್ಲಿ ನಡೆದುಹೋಗುತ್ತದೆ. ಆ ದಿನ ದಾಟಿದ ಮೇಲೆ ಉಲ್ಟಾ: ಹೊರಬರುವುದು ಕಾಣುತ್ತದೆ, ಒಳಹೋಗುವುದು ಕಾಣುವುದಿಲ್ಲ. ನನ್ನ ಮೊದಲ ಜೋಡಿ ಅಕ್ಟೋಬರ್ ಮೊದಲ ವಾರ ಮತ್ತು ನವೆಂಬರ್ ಮೂರನೇ ವಾರದ್ದು, ಎರಡೂ ಮಧ್ಯರಾತ್ರಿ ಕಳೆದ ಮೇಲೆ. ಎರಡನೇ ಜೋಡಿ ಡಿಸೆಂಬರ್ ಕೊನೆ ಮತ್ತು ಫೆಬ್ರವರಿ ನಡುವಿನದು. ಅವು ರಾತ್ರಿ ಎಂಟೂವರೆ ಆಸುಪಾಸು, ಊಟಕ್ಕೆ ಮುಂಚೆ ಮುಗಿಯುವ ಕೆಲಸ. ಅಕ್ಟೋಬರ್‌ನಲ್ಲಿ ಮೋಡದ್ದೇ ಭಯ. ಗ್ರಹಣಕ್ಕೆ ಸ್ವಲ್ಪ ಮುಂಚೆ ಸರಿದು ಜಾಗ ಬಿಟ್ಟುಕೊಟ್ಟಿತು.

ಅಯೋ ದೀಪ ಆರಿದ ಹಾಗೆ ಫಕ್ಕನೆ ಮಾಯವಾಗುವುದಿಲ್ಲ. ಅದರ ವ್ಯಾಸ 3,640 ಕಿಲೋಮೀಟರ್, ಓಡುವುದು ಸೆಕೆಂಡಿಗೆ 17 ಕಿಲೋಮೀಟರ್. ಪೂರ್ತಿ ನೆರಳಿಗೆ ಹೋಗೋಕೆ ಮೂರೂವರೆ ನಿಮಿಷ ಬೇಕು. ಮೊದಲ ನಿಮಿಷ ಏನೂ ಗೊತ್ತಾಗುವುದಿಲ್ಲ. ಆಮೇಲೆ ಪಕ್ಕದ ಇನ್ನೊಂದು ಚಂದ್ರ ಯುರೋಪಾಗಿಂತ ಮಂಕಾಗಿದೆಯಲ್ಲ ಅನ್ನಿಸುತ್ತದೆ. ಕೊನೆಗೆ ಒಂದು ಚುಕ್ಕೆ ಇದೆಯೋ ಇಲ್ಲವೋ ಅನ್ನುವಷ್ಟಾಗುತ್ತದೆ. ನೇರ ನೋಡಿದರೆ ಇಲ್ಲ, ಓರೆಗಣ್ಣಲ್ಲಿ ನೋಡಿದರೆ ಇದೆ. ಓರೆಗಣ್ಣಿಗೂ ಸಿಗದೆ ಹೋದಾಗ "ಹೋಯ್ತು" ಅಂತ ಜೋರಾಗಿ ಹೇಳುತ್ತಿದ್ದೆ. ಮೊಬೈಲ್‌ನಲ್ಲಿ ರೆಕಾರ್ಡಿಂಗ್ ಓಡುತ್ತಿರುತ್ತಿತ್ತು. ಶುರುವಿನಲ್ಲೇ ಅದರ ಗಡಿಯಾರ ನೋಡಿ ಗಂಟೆ, ನಿಮಿಷ, ಸೆಕೆಂಡ್ ಓದಿಟ್ಟಿದ್ದರೆ ಆಯಿತು. ಕಣ್ಣು ತೆಗೆಯದೆ ಸಮಯ ಸಿಗುತ್ತದೆ.

ಹೊರಬರುವುದನ್ನು ಹಿಡಿಯೋದು ಇದಕ್ಕಿಂತ ಕಷ್ಟ. ಖಾಲಿ ಜಾಗ ನೋಡುತ್ತಾ ನಿಂತಿರಬೇಕು. ಗುರುವಿನ ಅಂಚಿನಿಂದ ಎಷ್ಟು ದೂರದಲ್ಲಿ ಮೂಡುತ್ತದೆ ಅಂತ ಮೊದಲೇ ಚಿತ್ರ ಬರೆದುಕೊಂಡಿರದಿದ್ದರೆ ಅರ್ಧ ನಿಮಿಷ ಹೋಗೇ ಹೋಗುತ್ತದೆ. ಆದರೆ ಇಲ್ಲೂ ಕಳೆಯುವ ಉಪಾಯವೇ ಕಾಯುತ್ತದೆ. ನನ್ನ ಕಣ್ಣು ಪ್ರತಿ ಸಲ 20 ಸೆಕೆಂಡ್ ತಡ ಮಾಡಿದರೂ ಚಿಂತೆಯಿಲ್ಲ, ಡಿಸೆಂಬರ್‌ನಲ್ಲೂ ಫೆಬ್ರವರಿಯಲ್ಲೂ ಅಷ್ಟೇ ತಡ ಮಾಡಿದರೆ ಸಾಕು. ಅದಕ್ಕೇ ಟೆಲಿಸ್ಕೋಪ್, ಐಪೀಸ್, ಕಣ್ಣು ಯಾವುದನ್ನೂ ಬದಲಿಸಬಾರದು. ಇನ್ನೊಂದು ಮಾತು: ಮೊಬೈಲ್ ತಂತ್ರಾಂಶಗಳು ಹೇಳುವ ಗ್ರಹಣದ ಸಮಯದಲ್ಲಿ ಬೆಳಕಿನ ವೇಗ ಆಗಲೇ ಸೇರಿಕೊಂಡಿರುತ್ತದೆ. ಯಾವಾಗ ತಾರಸಿಗೆ ಹೋಗಬೇಕು ಅಂತ ತಿಳಿಯೋಕೆ ಮಾತ್ರ ಅದನ್ನು ನೋಡಬೇಕು, ಲೆಕ್ಕಕ್ಕೆ ತಗೊಳ್ಳಬಾರದು.

ದೂರದ ಲೆಕ್ಕ ಸ್ಟೆಲೇರಿಯಂ ಅನ್ನುವ, ಆಕಾಶ ತೋರಿಸುವ ತಂತ್ರಾಂಶದಿಂದ ತೆಗೆದುಕೊಂಡೆ. ಮೊದಲ ಜೋಡಿಯ ನಡುವೆ ನಾವು ಗುರುವಿಗೆ ಹತ್ತಿರವಾದದ್ದು, ಎರಡನೇ ಜೋಡಿಯ ನಡುವೆ ದೂರವಾದದ್ದು, ಎರಡೂ ಕೂಡಿದರೆ ಹೆಚ್ಚುಕಮ್ಮಿ 15 ಕೋಟಿ ಕಿಲೋಮೀಟರ್. ಸೂರ್ಯನಿಗೂ ನಮಗೂ ಇರುವಷ್ಟೇ ದೂರ. ರೋಮರ್ ಕಾಲಕ್ಕೆ ಈ ದೂರವೇ ಹೊಸ ಸುದ್ದಿ. 1672ರಲ್ಲಿ ಖಗೋಳಜ್ಞ ಕ್ಯಾಸಿನಿ ಪ್ಯಾರಿಸ್‌ನಿಂದ, ಆತನ ಜೊತೆಗಾರ ರಿಷೇ ದಕ್ಷಿಣ ಅಮೆರಿಕದ ಕಯೆನ್‌ನಿಂದ ಮಂಗಳವನ್ನು ನೋಡಿ ಅದನ್ನು ಅಂದಾಜು ಮಾಡಿದ್ದರು. ರೋಮರ್ ವೇಗವನ್ನು ಸಂಖ್ಯೆಯಲ್ಲಿ ಹೇಳಲೇ ಇಲ್ಲ. ಭೂಮಿಯ ಕಕ್ಷೆಯ ಅಡ್ಡಗಲ ದಾಟೋಕೆ ಬೆಳಕಿಗೆ 22 ನಿಮಿಷ ಬೇಕು ಅಂದ, ಅಷ್ಟೇ. ಅದರಿಂದ ವೇಗದ ಸಂಖ್ಯೆ ತೆಗೆದದ್ದು ಡಚ್ ವಿಜ್ಞಾನಿ ಹೈಗೆನ್ಸ್.

ನನ್ನ ಎರಡನೇ ಅವಧಿ ಮೊದಲನೆಯದಕ್ಕಿಂತ 5 ನಿಮಿಷ 20 ಸೆಕೆಂಡ್ ಉದ್ದ ಬಂತು. 15 ಕೋಟಿಯನ್ನು 320ರಿಂದ ಭಾಗಿಸಿದರೆ ಸೆಕೆಂಡಿಗೆ 4,69,000 ಕಿಲೋಮೀಟರ್. ನಿಜವಾದ ವೇಗದ ಒಂದೂವರೆ ಪಟ್ಟು! ಕಣ್ಣಿನ ದೋಷ ಇಷ್ಟು ದೊಡ್ಡದಾಗಲು ಸಾಧ್ಯವಿಲ್ಲ. ಸುಮಾರು ಮೂರು ನಿಮಿಷ ಎಲ್ಲೋ ಕಾಣೆಯಾಗಿತ್ತು.

ಅದು ಹೋಗಿದ್ದು ಯುರೋಪಾ ಹತ್ತಿರ. ಯುರೋಪಾ ಒಂದು ಸುತ್ತು ಹಾಕುವಷ್ಟರಲ್ಲಿ ಅಯೋ ಹೆಚ್ಚುಕಮ್ಮಿ ಎರಡು ಸುತ್ತು ಹಾಕುತ್ತದೆ. ಹಾಗಾಗಿ ಅವೆರಡೂ ಹತ್ತಿರ ಬರುವುದು ಯಾವಾಗಲೂ ಸುಮಾರು ಒಂದೇ ಜಾಗದಲ್ಲಿ. ಪ್ರತಿ ಸಲವೂ ಒಂದೇ ಕಡೆ ಎಳೆತ. ಇದರಿಂದ ಅಯೋ ತನ್ನ ಸರಾಸರಿ ಜಾಗಕ್ಕಿಂತ 0.473 ಡಿಗ್ರಿವರೆಗೆ ಹಿಂದೆ ಮುಂದೆ ಆಗುತ್ತದೆ. ಸಮಯದಲ್ಲಿ ಹೇಳಿದರೆ ಗ್ರಹಣ 3 ನಿಮಿಷ 20 ಸೆಕೆಂಡಿನಷ್ಟು ಬೇಗ ಅಥವಾ ತಡ. ಈ ಏರಿಳಿತ ಒಂದು ಸುತ್ತು ಮುಗಿಸೋಕೆ ಸುಮಾರು 437 ದಿನ ಬೇಕು. ಹದಿನೆಂಟನೇ ಶತಮಾನದಲ್ಲಿ ಸ್ವೀಡನ್ನಿನ ವಾರ್ಗೆಂಟಿನ್ ಗ್ರಹಣದ ಪಟ್ಟಿಗಳನ್ನು ತಿದ್ದುತ್ತಾ ಇದನ್ನು ಹಿಡಿದಿದ್ದ. ಯಾಕೆ ಹೀಗೆ ಅಂತ ಆಮೇಲೆ ಲಾಪ್ಲಾಸ್ ವಿವರಿಸಿದ.

ನನ್ನ ಪುಣ್ಯಕ್ಕೆ ಆ ವರ್ಷ ಅಯೋ ಅತಿ ಹೆಚ್ಚು ತಡವಾಗಿದ್ದು ಸರಿಯಾಗಿ ನಾವು ಗುರುವಿಗೆ ಹತ್ತಿರವಿದ್ದ ಹೊತ್ತಿಗೇ. ಅಕ್ಟೋಬರ್‌ನಿಂದ ನವೆಂಬರ್‌ಗೆ ತಡ ಏರುತ್ತಿತ್ತು, ಡಿಸೆಂಬರ್ ಆದ ಮೇಲೆ ಇಳಿಯುತ್ತಿತ್ತು. ಬೆಳಕು ಚಿಕ್ಕದು ಮಾಡಿದ ಅವಧಿಯನ್ನು ಇದು ಉದ್ದ ಮಾಡಿತು, ಬೆಳಕು ಉದ್ದ ಮಾಡಿದ್ದನ್ನು ಚಿಕ್ಕದು ಮಾಡಿತು. ಎರಡು ಬದಿ ಕಳೆದರೂ ಇದು ಹೋಗುವುದಿಲ್ಲ, ಬೆಳಕಿನ ಹಾಗೆ ಇದೂ ಎರಡು ಬದಿಯಲ್ಲಿ ಎದುರುಬದುರು. ಸೂತ್ರ ಹಾಕಿ ನೋಡಿದಾಗ ನಾಲ್ಕು ಗ್ರಹಣಕ್ಕೂ ಸೇರಿ 146 ಸೆಕೆಂಡ್ ತಿಂದುಹಾಕಿತ್ತು. ಅದನ್ನು ಸೇರಿಸಿದರೆ ವೇಗ 3,22,000ಕ್ಕೆ ಇಳಿಯಿತು. ಗುರುವಿನ ಕಕ್ಷೆ ಪೂರ್ತಿ ದುಂಡಗಿಲ್ಲದ ಕಾರಣ ಅದರ ನೆರಳು ತಿರುಗುವ ವೇಗವೂ ಸ್ವಲ್ಪ ಬದಲಾಗುತ್ತದೆ. ಅದರ ಪಾಲು 17 ಸೆಕೆಂಡ್. ಅದೂ ಸೇರಿದ ಮೇಲೆ ಸುಮಾರು 3,10,000 ಬಂತು. ನಿಜದ 2,99,792ಕ್ಕೆ ಹೋಲಿಸಿದರೆ ನೂರಕ್ಕೆ ಮೂರೂವರೆ ಜಾಸ್ತಿ. ಅದು ನನ್ನ ಕಣ್ಣಿನ ಪಾಲು, ಒಪ್ಪಿಕೊಂಡೆ.

ರೋಮರ್‌ನ 22 ನಿಮಿಷ ತಪ್ಪು, ಸರಿಯಾದದ್ದು 16 ನಿಮಿಷ 38 ಸೆಕೆಂಡ್ ಅಂತ ಪಠ್ಯಪುಸ್ತಕದವರು ಸಲೀಸಾಗಿ ಬರೆದುಬಿಡುತ್ತಾರೆ. ಯುರೋಪಾ ಕಾಟ ಗೊತ್ತಿಲ್ಲದೆ ಅಷ್ಟು ಹತ್ತಿರ ಹೋದದ್ದೇ ದೊಡ್ಡದು ಅಂತ ನನಗೆ ಈಗ ಅನ್ನಿಸುತ್ತದೆ. ಕ್ಯಾಸಿನಿ ರೋಮರ್‌ನ ಮಾತನ್ನು ಒಪ್ಪಿರಲಿಲ್ಲ. ಆ ತಕರಾರನ್ನೂ ಸುಮ್ನೆ ಹಠ ಅನ್ನಲಾರೆ. ಉಳಿದ ಮೂರು ಚಂದ್ರರಲ್ಲಿ ಇದೇ ಲೆಕ್ಕ ಹೊಂದುವುದಿಲ್ಲವಲ್ಲ ಅಂತ ಆತ ಕೇಳಿದ್ದ. ಆಗಿನ ಪಟ್ಟಿ ಹಿಡಿದು ನೋಡಿದರೆ ಅದು ನ್ಯಾಯವಾದ ಪ್ರಶ್ನೆ. ಜನ ಪೂರ್ತಿ ಒಪ್ಪಿದ್ದು 1720ರ ದಶಕದ ಕೊನೆಗೆ, ಇಂಗ್ಲೆಂಡಿನ ಖಗೋಳಜ್ಞ ಬ್ರ್ಯಾಡ್ಲಿ ನಕ್ಷತ್ರಗಳ ಸಣ್ಣ ಓಲಾಟದಿಂದ ಅದೇ ವೇಗವನ್ನು ಬೇರೆ ದಾರಿಯಲ್ಲಿ ತೋರಿಸಿದ ಮೇಲೆ. ಫ್ರಾನ್ಸಿನ ವಿಜ್ಞಾನಿ ಫಿಜೋ 1849ರಲ್ಲಿ ಹಲ್ಲಿನ ಚಕ್ರ ತಿರುಗಿಸಿ ಇದನ್ನು ನೆಲಕ್ಕಿಳಿಸಿದ. 1983ರಲ್ಲಿ ಮೀಟರನ್ನೇ ಬೆಳಕಿನಿಂದ ಹೇಳಲು ಶುರು ಮಾಡಿದ್ದರಿಂದ ಈಗ ಆ ಸಂಖ್ಯೆಯನ್ನು ಯಾರೂ ಅಳೆಯಬೇಕಾಗಿಲ್ಲ.

ನೀವೂ ಮಾಡುವುದಿದ್ದರೆ 2028ಕ್ಕೆ ಕಾಯಿರಿ ಅಂತ ನನ್ನ ಸಲಹೆ. ಆ ವರ್ಷ ಗುರು ನಮಗೆ ಹತ್ತಿರ ಬರುವುದು ಮಾರ್ಚ್‌ನಲ್ಲಿ. ಹಾಗಾಗಿ ಮೊದಲ ಜೋಡಿ ಜನವರಿಯ ಚಳಿಯಲ್ಲಿ, ಎರಡನೆಯದು ಬೇಸಿಗೆಯ ಸಂಜೆಗಳಲ್ಲಿ ಸಿಗುತ್ತದೆ. ನಮ್ಮ ಕಡೆ ಮೋಡದ ಕಾಟ ಅಷ್ಟಿರುವುದಿಲ್ಲ, ಮುಂಗಾರಿಗೆ ಮುಂಚಿನ ಗುಡುಗು ಮಳೆಯೊಂದು ಬಿಟ್ಟರೆ. ನನ್ನ ಲೆಕ್ಕದ ಪ್ರಕಾರ ಆ ಹೊತ್ತಿಗೆ ಯುರೋಪಾ ಎಳೆತವೂ ಎರಡು ಬದಿಯಲ್ಲಿ ಹೆಚ್ಚುಕಮ್ಮಿ ಹೊಡೆದುಹೋಗುತ್ತದೆ, ಸೂತ್ರದ ಗೊಡವೆ ಇಲ್ಲದೆ ಬರೀ ಕಳೆಯುವ ಲೆಕ್ಕದಲ್ಲೇ ಸರಿಯಾದ ಉತ್ತರಕ್ಕೆ ಹತ್ತಿರ ಹೋಗಬಹುದು.